ಕಾಲ್ಡರ್ ಟ್ಯಾಂಕಿನ ಮೇಸ್ತ್ರಿ

ಬ್ರೋನಿಯಸ್ ರಿಮ್ಕುಸ್ ಕಾಲ್ಡರ್ ಟ್ಯಾಂಕಿನಲ್ಲಿ ರೈಲಿನಿಂದ ಇಳಿದಾಗ ಅವನ ಕೈಯಲ್ಲಿ ಒಂದು ರಟ್ಟಿನ ಪೆಟ್ಟಿಗೆ ಇತ್ತು, ತಲೆಯ ಮೇಲೆ ಎರಡು ವರ್ಷದ ಕರಾರು ಇತ್ತು. ಎರಡನೆಯ ಮಹಾಯುದ್ಧ ಮುಗಿದ ಮೇಲೆ ಯುರೋಪಿನ ನಿರಾಶ್ರಿತರ ಶಿಬಿರಗಳಿಂದ ಹಡಗು ಹತ್ತಿಸಿ ಆಸ್ಟ್ರೇಲಿಯಾಕ್ಕೆ ಕರೆತಂದ ಸಾವಿರಾರು ಜನರಲ್ಲಿ ಅವನೂ ಒಬ್ಬ. ದೇಶ ಲಿಥುವೇನಿಯಾ. ಸರ್ಕಾರ ಹೇಳಿದ ಕಡೆ ಎರಡು ವರ್ಷ ದುಡಿದರೆ ಆಮೇಲೆ ಎಲ್ಲಿಗೆ ಬೇಕಾದರೂ ಹೋಗಬಹುದು ಎಂಬುದು ಒಪ್ಪಂದ. ಅವನ ಪಾಲಿಗೆ ಬಂದದ್ದು ಈ ಬಯಲು. ಇಳಿದವನು ಸುತ್ತ ನೋಡಿ, ಸಾಮಾನು ಇಳಿಸುತ್ತಿದ್ದ ಹುಡುಗನೊಬ್ಬನನ್ನು ತನಗೆ ಬರುತ್ತಿದ್ದ ಅಷ್ಟಿಷ್ಟು ಇಂಗ್ಲಿಷಿನಲ್ಲಿ ಕೇಳಿದನಂತೆ.

"ಊರು ಎಲ್ಲಿದೆ?"

"ಅದರ ಮೇಲೇ ನಿಂತಿದ್ದೀಯಲ್ಲೋ. ಸ್ವಲ್ಪ ಪಕ್ಕಕ್ಕೆ ಸರಿ, ಕಾಣತ್ತೆ."

ಹೀಗೆ ಹೇಳಿದವನು ಕೋಲ್ ಹ್ಯಾಗರ್ಟಿ. ಅವನು ನನ್ನ ಅಮ್ಮನ ಅಪ್ಪ. ಅಜ್ಜ ಹೇಳುವುದರಲ್ಲಿ ಸ್ವಲ್ಪ ಕಳೆದು ತೆಗೆದುಕೊಳ್ಳಬೇಕು ಎಂಬುದು ನಮ್ಮ ಮನೆಯಲ್ಲಿ ಎಲ್ಲರಿಗೂ ಗೊತ್ತು. ಆದರೆ ಈ ಮಾತು ನಡೆದದ್ದು ನಿಜವೆಂದು ಬ್ರೋನಿಯಸ್‌ನ ಹೆಂಡತಿ ನೋರೀನಳೂ ಹೇಳಿದ್ದಾಳೆ. ಆಗಿನ್ನೂ ಅವಳು ಅವನ ಹೆಂಡತಿಯಾಗಿರಲಿಲ್ಲ. ರೊಟ್ಟಿಯ ಒಲೆಯ ಮುಂದೆ ನಿಂತು ಎಲ್ಲವನ್ನೂ ಕೇಳಿಸಿಕೊಳ್ಳುತ್ತಿದ್ದಳು.

ಆಗ ಕಾಲ್ಡರ್ ಟ್ಯಾಂಕ್ ತುಂಬಿದ ಊರು. ಉಗಿಬಂಡಿಗಳ ಕಾಲ ಅದು. ಬಯಲಿನಲ್ಲಿ ಒಂದು ಮರವಿಲ್ಲ, ಒಂದು ಹಳ್ಳವಿಲ್ಲ, ಬೂದುಬಣ್ಣದ ಕುರುಚಲು ಮತ್ತು ಸುಣ್ಣಕಲ್ಲು ಅಷ್ಟೇ. ಆದ್ದರಿಂದ ಎಂಜಿನ್ನುಗಳು ನೀರಿಗಾಗಿ ಇಲ್ಲಿ ನಿಲ್ಲಲೇಬೇಕಿತ್ತು. ಎಂಜಿನ್ ನಿಲ್ಲುವ ಕಡೆ ನೀರು ತುಂಬುವವನು ಬೇಕು, ಕಲ್ಲಿದ್ದಲು ಎತ್ತುವವನು ಬೇಕು, ಹಳಿ ನೋಡಿಕೊಳ್ಳುವ ಗ್ಯಾಂಗ್ ಬೇಕು. ಅವರಿಗೆ ರೊಟ್ಟಿ ಸುಡುವವರು, ಅವರ ಮಕ್ಕಳಿಗೆ ಒಬ್ಬ ಟೀಚರು. ಹೀಗೆ ನೀರಿನ ಟ್ಯಾಂಕಿನ ಸುತ್ತ ಮೊದಲು ಡೇರೆಗಳು, ಆಮೇಲೆ ಮರದ ಮನೆಗಳು, ಶಾಲೆ, ಕುಣಿತಕ್ಕೊಂದು ಸಭಾಂಗಣ, ಸುಣ್ಣಕಲ್ಲನ್ನೇ ಕುಟ್ಟಿ ಸಮ ಮಾಡಿದ ಟೆನಿಸ್ ಅಂಗಳ ಎಲ್ಲ ಬಂದವು. ವಾರಕ್ಕೊಮ್ಮೆ ಸಾಮಾನಿನ ರೈಲು ಬಂದರೆ ಹೆಂಗಸರೆಲ್ಲ ಕೂದಲು ಬಾಚಿಕೊಂಡು, ಚೀಲ ಹಿಡಿದು, ಮಾಂಸ ಮಾರುವ ಬೋಗಿಯ ಮುಂದೆ ಸಾಲಾಗಿ ನಿಲ್ಲುತ್ತಿದ್ದರು. ಆ ದಿನ ಶಾಲೆಗೆ ಅರ್ಧ ರಜೆ.

ನೋರೀನ್ ಹುಟ್ಟಿದ್ದು ಡೇರೆಗಳ ಕಾಲದಲ್ಲಿ, ಟ್ಯಾಂಕಿನ ಹಿಂದೆ. ಅವಳ ಅಪ್ಪ ಹಳಿ ಹಾಕುತ್ತ ಬಂದವನು, ಹಳಿ ಮುಂದೆ ಹೋದರೂ ಅಲ್ಲೇ ಉಳಿದ. ಅವಳಿಗೆ ಬೇರೆ ಊರೆಂದರೆ ಹಲ್ಲು ಕೀಳಿಸಲು ಹೋಗುತ್ತಿದ್ದ ಪೋರ್ಟ್ ಆಗಸ್ಟಾ ಮಾತ್ರ. ಅದೂ ಅವಳಿಗೆ ಹಿಡಿಸುತ್ತಿರಲಿಲ್ಲ. "ಅಲ್ಲಿ ನೋಡೋಕೇ ಆಗಲ್ಲ, ಎಲ್ಲ ಅಡ್ಡ ಬರತ್ತೆ" ಎನ್ನುತ್ತಿದ್ದಳು.

ಬ್ರೋನಿಯಸ್‌ನ ಹಳೆಯ ಊರಿನ ವಿಷಯ ಯಾರಾದರೂ ಕೇಳಿದರೆ ಅವನು "ಅದು ಈಗ ಇಲ್ಲ" ಎಂದಷ್ಟೇ ಹೇಳುತ್ತಿದ್ದ. ಸುಟ್ಟುಹೋಯಿತೋ, ಜನ ಚದುರಿದರೋ, ಗೊತ್ತಿಲ್ಲ. ನೋರೀನಳಿಗೂ ಹೇಳಲಿಲ್ಲ. ಎರಡು ವರ್ಷದ ಕರಾರು ಮುಗಿದ ದಿನ ಅವನೊಂದಿಗೆ ಬಂದಿದ್ದ ಉಳಿದವರೆಲ್ಲ ಪಟ್ಟಣಗಳ ಕಡೆ ಹೊರಟರು. ಅವನು ಎಂದಿನಂತೆ ಹಾರೆ ಹೆಗಲಿಗೇರಿಸಿಕೊಂಡು ಕೆಲಸಕ್ಕೆ ಹೋದ. ಆ ಚಳಿಗಾಲ ಅವನಿಗೂ ನೋರೀನಳಿಗೂ ಸಭಾಂಗಣದಲ್ಲಿ ಮದುವೆಯಾಯಿತು. ಮನೆಯ ಹಿಂದೆ ಸ್ನಾನದ ನೀರು ಹೋಗುವ ಕಡೆ ಅವನು ಬೀಟ್‌ರೂಟ್ ಬೆಳೆದು ತಣ್ಣನೆಯ ಕೆಂಪು ಸಾರು ಮಾಡುತ್ತಿದ್ದ. ಗ್ಯಾಂಗಿನವರು ಅದನ್ನು ನೋಡಿ, "ನೋರೀನ್, ಗಂಡನ ಗಾಯಕ್ಕೆ ಪಟ್ಟಿ ಕಟ್ಟು, ಪಾತ್ರೆಗೆಲ್ಲ ಸುರೀತಿದೆ" ಎಂದು ಕಾಡುತ್ತಿದ್ದರು.

ಅವನು ಕೆಲವೇ ವರ್ಷಗಳಲ್ಲಿ ಗ್ಯಾಂಗಿನ ಮೇಸ್ತ್ರಿಯಾದ.

ಊರಿನ ಎರಡೂ ಬದಿಗೆ ಹತ್ತು ಹತ್ತು ಮೈಲಿ ಹಳಿ ನಮ್ಮ ಗ್ಯಾಂಗಿನ ಪಾಲು. ಆ ಬಯಲಿನಲ್ಲಿ ಹಳಿ ಸುಮ್ಮನಿರುವುದಿಲ್ಲ. ಬಿಸಿಲಿಗೆ ಹಿಗ್ಗುತ್ತದೆ, ರಾತ್ರಿಯ ಚಳಿಗೆ ಕುಗ್ಗುತ್ತದೆ. ಹಳಿಯ ಅಡಿಗಿಟ್ಟ ಮರದ ದಿಮ್ಮಿಗಳು, ಅಂದರೆ ಸ್ಲೀಪರುಗಳು, ಸೀಳು ಬಿಡುತ್ತವೆ, ಜಲ್ಲಿ ಕೆಳಗಿಳಿಯುತ್ತದೆ. ತಗ್ಗಿದ ಕಡೆ ಜಾಕಿ ಕೊಟ್ಟು ಹಳಿಯನ್ನು ಎತ್ತಿ, ಸ್ಲೀಪರಿನ ಅಡಿಗೆ ಜಲ್ಲಿ ತುಂಬಿ, ಹಾರೆಯಿಂದ ಬಡಿದು ಬಡಿದು ಗಟ್ಟಿ ಮಾಡಬೇಕು. ಆಮೇಲೆ ಮೊಣಕಾಲೂರಿ, ಹಳಿಗೆ ಕೆನ್ನೆ ತಾಗುವಷ್ಟು ಬಗ್ಗಿ, ಒಂದು ಕಣ್ಣು ಮುಚ್ಚಿ ದೂರಕ್ಕೆ ನೋಡಬೇಕು. ಬ್ರೋನಿಯಸ್ ಹಾಗೆ ನೋಡಿ ಎದ್ದಾಗ "ಸರಿ" ಅಂದರೆ ಸರಿ. ಏನೂ ಅನ್ನದೆ ಕೈಗೆ ಮತ್ತೆ ಹಾರೆ ತೆಗೆದುಕೊಂಡರೆ ಎಲ್ಲರೂ ನಿಟ್ಟುಸಿರು ಬಿಟ್ಟು ಎದ್ದು ನಿಲ್ಲುತ್ತಿದ್ದರು.

ಸರಿಪಡಿಸಲು ಹೊತ್ತಿಲ್ಲದ ಕಡೆ ಹಳದಿ ಎಚ್ಚರಿಕೆ ಹಲಗೆ ನೆಡುವುದು ಕ್ರಮ. ಹಲಗೆ ಕಂಡರೆ ಚಾಲಕ ರೈಲನ್ನು ನಿಧಾನ ಮಾಡುತ್ತಾನೆ, ಅಪಾಯವಿಲ್ಲ. ಆದರೆ ಹಲಗೆ ನೆಟ್ಟ ಗ್ಯಾಂಗಿಗೆ ಮರ್ಯಾದೆಯಿರಲಿಲ್ಲ. ಮುಂದಿನ ನಿಲ್ದಾಣದವರೆಗೂ ಚಾಲಕರು ಆಡಿಕೊಂಡು ಹೋಗುತ್ತಿದ್ದರು. ನಮ್ಮ ಪಶ್ಚಿಮದ ನೆರೆಯೂರು ಪಿಂಡಾರಾದ ಪಾಲಿನಲ್ಲಿ ಹಲಗೆಗಳು ಬೇಲಿಯ ಕಂಬಗಳ ಹಾಗೆ ಇದ್ದವು ಎಂದು ಹ್ಯಾಗರ್ಟಿ ಹೇಳುತ್ತಾನೆ. ಇಲ್ಲಿ ಸ್ವಲ್ಪ ಅಲ್ಲ, ತುಂಬ ಕಳೆಯಬೇಕು. ಆದರೂ ಬ್ರೋನಿಯಸ್ ಮೇಸ್ತ್ರಿಯಾದ ಮೇಲೆ ನಮ್ಮ ಪಾಲಿನಲ್ಲಿ ಒಂದೇ ಒಂದು ಹಲಗೆಯೂ ನೆಟ್ಟಿರಲಿಲ್ಲ ಎಂಬುದು ಪಿಂಡಾರಾದವರೂ ಒಪ್ಪುವ ಮಾತು.

ವರ್ಷಕ್ಕೊಮ್ಮೆ ತಪಾಸಣೆಯ ರೈಲು ಬರುತ್ತಿತ್ತು. ಅದರಲ್ಲಿ ಹಳಿ ಅಧಿಕಾರಿಯ ಡಬ್ಬಿ, ಡಬ್ಬಿಯಲ್ಲಿ ಮೇಜು, ಮೇಜಿನ ಮೇಲೆ ಅಂಚಿನವರೆಗೆ ನೀರು ತುಂಬಿದ ಗಾಜಿನ ಲೋಟ. ಯಾರ ಪಾಲಿನಲ್ಲಿ ಎಷ್ಟು ನೀರು ಚೆಲ್ಲಿತು ಎಂದು ಅಧಿಕಾರಿ ನೋಡುತ್ತಿದ್ದ. ಎಲ್ಲರಿಗಿಂತ ಕಡಿಮೆ ಚೆಲ್ಲಿದ ಗ್ಯಾಂಗಿಗೆ ಬಣ್ಣ ಬಳಿದ ಒಂದು ಫಲಕ ಕೊಡುತ್ತಿದ್ದರು, ಅದರ ಜೊತೆ ಒಂದು ಪೀಪಾಯಿ ಬಿಯರು. ಕಾಲ್ಡರ್ ಟ್ಯಾಂಕಿನ ಸಭಾಂಗಣದ ಗೋಡೆಯಲ್ಲಿ ಅಂಥ ಫಲಕಗಳಿಗೆ ಜಾಗ ಸಾಲದೆ ಕೆಲವನ್ನು ಬಾಗಿಲಿನ ಮೇಲೆ ಹೊಡೆದಿದ್ದರು.

ನಮ್ಮ ಪಾಲಿನಲ್ಲಿ ಒಂದೇ ಒಂದು ಕೆಟ್ಟ ಜಾಗವಿತ್ತು. ಊರಿಂದ ಪೂರ್ವಕ್ಕೆ, ಎರಡು ಹಳಿತುಂಡುಗಳು ಕೂಡುವ ಕಡೆ ನೆಲದಡಿಯ ಸುಣ್ಣಕಲ್ಲು ಟೊಳ್ಳಾಗಿತ್ತೋ ಏನೋ, ಎಷ್ಟು ಜಲ್ಲಿ ಬಡಿದರೂ ವಾರದೊಳಗೆ ಹಳಿ ಮತ್ತೆ ತಗ್ಗಿ ಕೂರುತ್ತಿತ್ತು. ಒಮ್ಮೆ ಹ್ಯಾಗರ್ಟಿ ಕುಡಿದು ಅಲ್ಲೇ ಮಲಗಿ ಸಿಕ್ಕಿಬಿದ್ದಿದ್ದರಿಂದ ಅದಕ್ಕೆ ಹ್ಯಾಗರ್ಟಿಯ ಹಾಸಿಗೆ ಎಂದು ಹೆಸರಾಗಿತ್ತು. ಪ್ರತಿ ಸೋಮವಾರ ಗ್ಯಾಂಗಿನ ಮೊದಲ ಕೆಲಸ ಆ ಹಾಸಿಗೆ ಸರಿಮಾಡುವುದು.

ಡೀಸೆಲ್ ಎಂಜಿನ್ನುಗಳು ಬಂದಾಗ ಊರಿನವರು ಹೊಸ ಬಣ್ಣ ನೋಡಲು ಮಕ್ಕಳನ್ನು ಹೆಗಲ ಮೇಲೆ ಕೂರಿಸಿಕೊಂಡು ನಿಂತಿದ್ದರಂತೆ. ಅವಕ್ಕೆ ನೀರು ಬೇಡ. ಮೊದಲು ನೀರು ತುಂಬುವವನ ಸಂಸಾರ ಹೋಯಿತು, ಆಮೇಲೆ ಕಲ್ಲಿದ್ದಲಿನವರು. ರೊಟ್ಟಿ ಪೇಟೆಯಿಂದಲೇ ರೈಲಿನಲ್ಲಿ ಬರತೊಡಗಿದ ಮೇಲೆ ಒಲೆ ಆರಿತು. ಮಕ್ಕಳು ಕಡಿಮೆಯಾಗಿ ಶಾಲೆ ಮುಚ್ಚಿತು, ಉಳಿದ ನಾಲ್ಕೈದು ಮಕ್ಕಳು ರೇಡಿಯೋ ಪಾಠ ಕೇಳಿದರು. ಪೂರ್ವದ ಕಡೆಯಿಂದ ಕಾಂಕ್ರೀಟು ಸ್ಲೀಪರುಗಳು ಬರುತ್ತಿವೆ, ಹಳಿಗಳನ್ನು ಒಂದಕ್ಕೊಂದು ಬೆಸೆಯುತ್ತಿದ್ದಾರೆ, ಬೆಸೆದ ಕಡೆಯೆಲ್ಲ ಗ್ಯಾಂಗುಗಳನ್ನು ರದ್ದು ಮಾಡುತ್ತಿದ್ದಾರೆ ಎಂದು ಸಾಮಾನಿನ ರೈಲಿನವರು ಸುದ್ದಿ ತರುತ್ತಿದ್ದರು. ಕೊನೆಗೆ ಕಾಲ್ಡರ್ ಟ್ಯಾಂಕಿನಲ್ಲಿ ಉಳಿದದ್ದು ಗ್ಯಾಂಗ್ ಮತ್ತು ಗ್ಯಾಂಗಿನ ಮನೆಗಳು. ನೋರೀನ್ ಸಭಾಂಗಣದ ಬೀಗದ ಕೈ ಇಟ್ಟುಕೊಂಡು, ಯಾರೂ ಕುಣಿಯದಿದ್ದರೂ ಶನಿವಾರ ಅದರ ನೆಲ ಒರೆಸುತ್ತಿದ್ದಳು.

ಹೀಗಿರುವಾಗ ಒಂದು ವರ್ಷ ಪೆಥರಿಕ್ ಎಂಬ ಹಳಿ ಅಧಿಕಾರಿ ಬಂದು ಎಲ್ಲರನ್ನೂ ಸಭಾಂಗಣಕ್ಕೆ ಕರೆಸಿದ. ಒಳ್ಳೆಯ ಮನುಷ್ಯ, ಮಾತು ಸುತ್ತಿಬಳಸುತ್ತಿರಲಿಲ್ಲ.

"ಹಳಿ ಮೇಲೆ ಓಡೋ ಮೋಟಾರು ಟ್ರಾಲಿ ಬಂದ ಮೇಲೆ ನಿಮ್ಮೂರಿಗೂ ಪಿಂಡಾರಾಕ್ಕೂ ಸೇರಿ ಒಂದೇ ಗ್ಯಾಂಗ್ ಸಾಕು ಅಂತ ಮೇಲಿನವರು ತೀರ್ಮಾನ ಮಾಡಿದ್ದಾರೆ. ಒಂದು ಊರು ಇರತ್ತೆ, ಒಂದು ಹೋಗತ್ತೆ. ಯಾವುದು ಅಂತ ಈ ಸಲದ ತಪಾಸಣೆ ಆದ ಮೇಲೆ ಹೇಳ್ತೀನಿ. ಇನ್ನೂ ಎರಡು ವಾರ ಇದೆ."

ಅವನು ಹೋದ ಮೇಲೆ ಸಭಾಂಗಣದಲ್ಲಿ ಹಬ್ಬದಂಥ ಗದ್ದಲ. ತಪಾಸಣೆಯ ಮೇಲೆ ತೀರ್ಮಾನವೆಂದರೆ ಇನ್ನೇನು, ಗೋಡೆ ನೋಡಿದರೆ ಸಾಕಲ್ಲ ಎಂದು ಎಲ್ಲರೂ ಫಲಕಗಳನ್ನು ತೋರಿಸಿಕೊಂಡರು. ಗ್ಯಾಂಗಿನ ಇಟಲಿಯವನು ಸಾಂಟೋ ಆಗಲೇ ಬಾಟಲಿ ತೆರೆದಿದ್ದ. ಹ್ಯಾಗರ್ಟಿ ಮಾತ್ರ ಕಿಟಕಿಯ ಮೇಲೆ ಕೂತು ಕಾಲು ಅಲ್ಲಾಡಿಸುತ್ತಿದ್ದ.

"ಕುಣೀರಿ, ಕುಣೀರಿ. ನಿಮ್ಮನ್ನ ಕಳಿಸೋದಕ್ಕೆ ನೀವೇ ಬಾಟಲಿ ತೆಗೀರಿ."

"ಏನೋ ನಿಂದು ಅಪಶಕುನ?" ಎಂದ ಸಾಂಟೋ.

"ಎರಡು ಮನೆ ಇದೆ ಅಂತಿಟ್ಕೋ. ಒಂದು ಸೋರ್ತಿದೆ, ಒಂದು ಗಟ್ಟಿಯಾಗಿದೆ. ಗಾರೆ ಕೆಲಸದವನು ಒಬ್ಬನೇ. ಅವನನ್ನ ಯಾವ ಮನೇಲಿ ಇಟ್ಕೋತೀಯ?"

"ಸೋರೋ ಹಾಗೆ ಮಾಡಿದವನನ್ನೇ ಯಾರಾದ್ರೂ ಇಟ್ಕೋತಾರಾ?"

"ಅವನನ್ನಲ್ಲ ಕತ್ತೆ, ಮನೇನ. ಸೋರೋ ಮನೇನ ಉಳಿಸ್ಕೋತಾರೆ. ಯಾಕಂದ್ರೆ ಕೆಲಸ ಇರೋದು ಅಲ್ಲಿ."

ಗದ್ದಲ ಇಳಿಯಿತು. ಎಲ್ಲರೂ ಮೇಸ್ತ್ರಿಯ ಮುಖ ನೋಡಿದರು. ಬ್ರೋನಿಯಸ್ ಕೇಳಿದ: "ಚೆನ್ನಾಗಿ ಮಾಡಿದ್ದಕ್ಕೆ ನಮ್ಮನ್ನೇ ಕಳಿಸ್ತಾರಾ? ಇದ್ಯಾವ ನ್ಯಾಯ?"

"ನ್ಯಾಯ ಅಲ್ಲ ಮೇಸ್ತ್ರಿ, ರೈಲ್ವೆ."

ಆಮೇಲೆ ಹ್ಯಾಗರ್ಟಿ ಕಿಟಕಿಯಿಂದ ಇಳಿದು ತನ್ನ ಉಪಾಯ ಹೇಳಿದ. ಏನೂ ಮಾಡಬೇಕಿಲ್ಲ, ಮಾಡುವುದನ್ನು ಬಿಟ್ಟರೆ ಸಾಕು. ಎರಡು ಸೋಮವಾರ ತನ್ನ ಹಾಸಿಗೆಯನ್ನು ಮುಟ್ಟದಿದ್ದರೆ ಹಳಿ ತಾನೇ ಕೂರುತ್ತದೆ. ತಪಾಸಣೆಯ ದಿನ ಅಲ್ಲಿ ಹಳದಿ ಹಲಗೆ ನೆಡುವುದು.

"ಅಪಾಯ ಇಲ್ಲ, ಮೋಸಾನೂ ಇಲ್ಲ. ಆ ಜಾಗ ಕೂರೋದು ಸುಳ್ಳಾ? ಕೈ ಬಿಟ್ರೆ ಈ ಹಳಿ ಹೀಗಾಗತ್ತೆ ಅಂತ ಪೆಥರಿಕ್ ಒಂದ್ಸಲ ಕಣ್ಣಾರೆ ನೋಡ್ಲಿ. ಇಷ್ಟು ವರ್ಷ ನಾವೇ ತೋರಿಸ್ಲಿಲ್ಲ."

ಇದನ್ನು ಯಾರೂ ಅಲ್ಲಗಳೆಯಲಿಲ್ಲ. ಬ್ರೋನಿಯಸ್ ಟೋಪಿ ಹಾಕಿಕೊಂಡು ಮನೆಗೆ ಹೋದ.

ಮನೆಯಲ್ಲಿ ನೋರೀನ್ ಕುರಿಮಾಂಸ ಹುರಿಯುತ್ತಿದ್ದಳು. ತಟ್ಟೆ ಇಟ್ಟು ಎದುರಿಗೆ ಕೂತಳು. ಈ ಮಾತುಗಳನ್ನು ಅವಳು ನನಗೆ ಎರಡು ಸಲ ಹೇಳಿದ್ದಾಳೆ, ಎರಡು ಸಲವೂ ಹೀಗೇ ಹೇಳಿದಳು.

"ಬ್ರೋನಿ, ಇಷ್ಟು ವರ್ಷದಲ್ಲಿ ನಾನು ನಿನ್ನ ಹತ್ರ ಏನಾದ್ರೂ ಕೇಳಿದೀನಾ?"

"ಕೇಳಿದೀಯ. ಫ್ರಿಜ್ಜು."

"ಅದು ಬಿಡು."

"ಹೊಲಿಗೆ ಯಂತ್ರ. ಪರದೆ. ಆಮೇಲೆ ಆ—"

"ಬಾಯ್ಮುಚ್ಕೊಂಡು ಕೇಳು. ನಂಗೆ ಬೇರೆ ಊರಲ್ಲಿ ಹೇಗಿರ್ಬೇಕು ಅಂತಾನೇ ಗೊತ್ತಿಲ್ಲ. ಕಲಿಯೋ ವಯಸ್ಸೂ ಹೋಯ್ತು. ನೀನಾದ್ರೆ ಒಂದು ಊರು ಬಿಟ್ಟು ಬಂದೋನು, ನಿಂಗೆ ಅಭ್ಯಾಸ ಇದೆ."

"ಅಭ್ಯಾಸ ಆಗಲ್ಲ ಅದು" ಎಂದ ಬ್ರೋನಿಯಸ್.

"ಹಾಗಾದ್ರೆ ಹಲಗೆ ಹಾಕು. ಒಂದೇ ಸಲ. ನಂಗೋಸ್ಕರ ಅಂತಾನೇ ಹಾಕು."

ಅವನು ಮಾಂಸ ಕತ್ತರಿಸಿಕೊಂಡು ತಿಂದ. ತಟ್ಟೆ ಖಾಲಿಯಾದ ಮೇಲೆ "ಹಾಕ್ತೀನಿ" ಎಂದ. ಅವನು ಮಾತು ಕೊಟ್ಟರೆ ಬದಲಾಯಿಸುವವನಲ್ಲ ಎಂದು ಅವಳು ಆ ರಾತ್ರಿ ಚೆನ್ನಾಗಿ ನಿದ್ದೆ ಮಾಡಿದಳಂತೆ.

ಮೊದಲ ಸೋಮವಾರ ಟ್ರಾಲಿ ಆ ಜಾಗವನ್ನು ನಿಲ್ಲದೆ ದಾಟಿತು. ಬ್ರೋನಿಯಸ್ ಇನ್ನೊಂದು ಬದಿಗೆ ತಿರುಗಿ ಕುರುಚಲನ್ನು ನೋಡುತ್ತಿದ್ದ. ಎರಡನೆಯ ಸೋಮವಾರ ಟ್ರಾಲಿಯೇ ಅಲ್ಲಿ ದಡಕ್ಕೆಂದು ಕುಸಿದು ಎದ್ದಿತು. ಸಾಂಟೋನ ತೊಡೆಯ ಮೇಲಿದ್ದ ತಿಂಡಿಡಬ್ಬಿ ಕೆಳಗೆ ಬಿತ್ತು. ಯಾರೂ ನಗಲಿಲ್ಲ, ಮೇಸ್ತ್ರಿಯ ಕತ್ತು ಕೆಂಪಾಗಿತ್ತು. ಆ ವಾರವೆಲ್ಲ ಅವನು ಸರಿಯಾಗಿ ಊಟ ಮಾಡಲಿಲ್ಲ. ಉಳಿದ ಹಳಿಯನ್ನು ಮಾತ್ರ ಹಿಂದೆಂದೂ ಇಲ್ಲದಷ್ಟು ಉಜ್ಜಿ ಒರೆಸಿದಂತೆ ಮಾಡಿಸಿದ. ಆ ಒಂದು ಜಾಗದ ಬಾಕಿಯನ್ನು ಬೇರೆ ಕಡೆ ತೀರಿಸುತ್ತಿದ್ದಾನೆ ಎಂದು ಹ್ಯಾಗರ್ಟಿಗೆ ಆಗಲೇ ಅನುಮಾನ ಬಂದಿತ್ತಂತೆ.

ತಪಾಸಣೆಯ ದಿನ ಮಧ್ಯಾಹ್ನ ಪೆಥರಿಕ್‌ನ ರೈಲು ಬರಬೇಕು. ಅದಕ್ಕೂ ಮೊದಲು ಬೆಳಿಗ್ಗೆ ಪ್ರಯಾಣಿಕರ ಎಕ್ಸ್‌ಪ್ರೆಸ್ ಹೋಗುತ್ತದೆ. ಹಲಗೆ ಆಗಲೇ ನೆಟ್ಟಿರಬೇಕು. ಬ್ರೋನಿಯಸ್ ಹೊತ್ತು ಮೂಡುವ ಮೊದಲೇ ಒಬ್ಬನೇ ಟ್ರಾಲಿ ತೆಗೆದುಕೊಂಡು ಹೊರಟ. ಹಿಂದೆ ಹಲಗೆ ಇತ್ತು. ಗೋದಾಮಿನ ಮೂಲೆಯಲ್ಲಿ ಬಿದ್ದಿದ್ದ ಅದರ ಮೇಲಿನ ಬಣ್ಣ ಹೊಸದರಂತೆಯೇ ಇತ್ತು, ಒಂದು ದಿನವೂ ಬಿಸಿಲು ಕಂಡದ್ದಲ್ಲ.

ಅಲ್ಲಿ ನಡೆದದ್ದು ಅವನೊಬ್ಬನಿಗೇ ಗೊತ್ತಿತ್ತು, ಅವನು ಅದೇ ಸಂಜೆ ನೋರೀನಳಿಗೆ ಹೇಳಿದ. ಹಲಗೆಯನ್ನು ನಿಯಮದಷ್ಟು ದೂರದಲ್ಲಿ ನೆಟ್ಟ. ಸುತ್ತ ಕಲ್ಲು ಒತ್ತರಿಸಿದ. ಟ್ರಾಲಿಯ ಹತ್ತಿರ ಬಂದು ತಿರುಗಿ ನೋಡಿದ. ಆ ಬಯಲಿನಲ್ಲಿ ಹಳದಿ ಬಣ್ಣ ಎಷ್ಟೋ ದೂರಕ್ಕೆ ಕಾಣುತ್ತದೆ. ಎಕ್ಸ್‌ಪ್ರೆಸ್ಸಿನ ಚಾಲಕ ಅದನ್ನು ಕಂಡು ವೇಗ ಇಳಿಸುವುದು, ಪಕ್ಕದವನಿಗೆ ಏನೋ ಹೇಳುವುದು, ಊರು ದಾಟುವಾಗ ಇಬ್ಬರೂ ಇವನ ಕಡೆ ನೋಡುವುದು ಎಲ್ಲ ಅವನಿಗೆ ಕಣ್ಣಿಗೆ ಕಟ್ಟಿದಂತಾಯಿತು. ಅವನು ಟ್ರಾಲಿ ಹತ್ತಿದ. ಇಳಿದ. ಹೋಗಿ ಹಲಗೆಯನ್ನು ಕಿತ್ತು ತಂದ. ಜಾಕಿ ಕೊಟ್ಟು ಹಳಿ ಎತ್ತಿ, ಇಬ್ಬರು ಮಾಡುವ ಕೆಲಸವನ್ನು ಒಬ್ಬನೇ ಮಾಡುತ್ತ ಜಲ್ಲಿ ಬಡಿಯತೊಡಗಿದ. ಮೊಣಕಾಲೂರಿ ನೋಡಿದ, ಮತ್ತೆ ಬಡಿದ. ಎಕ್ಸ್‌ಪ್ರೆಸ್ ಪೂರ್ತಿ ವೇಗದಲ್ಲಿ ಹೋಯಿತು. ಚಾಲಕ ಎಂದಿನಂತೆ ಕೈ ಬೀಸಿದ.

ಗ್ಯಾಂಗಿನವರು ಬಂದು ನೋಡಿದಾಗ ಹೊಸದಾಗಿ ಬಡಿದ ಜಲ್ಲಿ ಬಿಳಿಯಾಗಿ ಹೊಳೆಯುತ್ತಿತ್ತು, ಮೇಸ್ತ್ರಿ ಬೆವರು ಒರೆಸಿಕೊಳ್ಳುತ್ತಿದ್ದ. ಹ್ಯಾಗರ್ಟಿ ಹಳಿಯ ಮೇಲೆ ಕೂತು ತಂಬಾಕು ಸುತ್ತಿದ.

"ಹಾಸಿಗೆ ಚೆನ್ನಾಗಿ ಹಾಸಿದೀಯ ಮೇಸ್ತ್ರಿ."

"ಹೂಂ."

"ಇನ್ನು ಊರೆಲ್ಲ ಮಲಗ್ಬಹುದು."

ಹ್ಯಾಗರ್ಟಿ ಅಷ್ಟಕ್ಕೇ ನಿಲ್ಲಿಸಿದ್ದನ್ನು ಕಂಡು ಸಾಂಟೋಗೆ ಆಶ್ಚರ್ಯವಾಯಿತಂತೆ. ಅಜ್ಜನನ್ನು ಕೇಳಿದರೆ, "ಇಬ್ರ ಕೆಲಸ ಒಬ್ಬನೇ ಮಾಡಿ ಮುಗಿಸಿದ್ದ, ಇನ್ನೇನು ಹೇಳೋದು" ಎಂದ.

ತಪಾಸಣೆಯ ರೈಲು ಬಂದಾಗ ಕ್ರಮದಂತೆ ಮೇಸ್ತ್ರಿ ಪೆಥರಿಕ್‌ನ ಡಬ್ಬಿಯಲ್ಲಿ ತನ್ನ ಪಾಲು ಮುಗಿಯುವವರೆಗೆ ಕೂತು ಹೋದ. ಮೇಜಿನ ಮೇಲೆ ಲೋಟ ಇತ್ತು. ಅದನ್ನು ನೋಡುತ್ತ ಇವತ್ತೊಂದು ದಿನ ಚೆಲ್ಲಲಿ ಎಂದುಕೊಂಡೆ, ಚೆಲ್ಲದೆ ಇದ್ದಾಗ ಸಂತೋಷವೂ ಆಯಿತು ಎಂದು ಅವನು ನೋರೀನಳಿಗೆ ಒಪ್ಪಿಕೊಂಡ. ಆ ಜಾಗದ ಮೇಲೆ ಹೋಗುವಾಗ ನೀರಿನ ಮೇಲ್ಭಾಗ ಸ್ವಲ್ಪ ನಡುಗಿತು, ಅಷ್ಟೇ.

ಪಾಲಿನ ತುದಿಯಿಂದ ಅದೇ ರೈಲಿನಲ್ಲಿ ವಾಪಸು ಊರಿಗೆ ಬಂದು ಇಳಿದಾಗ ಪೆಥರಿಕ್ ಅವನ ಕೈ ಕುಲುಕಿದ. ಊರಿನವರೆಲ್ಲ ಅಲ್ಲೇ ನಿಂತಿದ್ದರು.

"ರಿಮ್ಕುಸ್, ಒಂದು ಹನಿ ಇಲ್ಲ. ನನ್ನ ಇಡೀ ಕೆಲಸದಲ್ಲಿ ಇಂಥ ಹಳಿ ನೋಡಿಲ್ಲ." ಆಮೇಲೆ ಅವನು ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡ. "ಅದಕ್ಕೇ ಹೇಳೋದು ಕಷ್ಟ ಆಗ್ತಿದೆ. ಈ ಪಾಲಿಗೆ ಕೆಲವು ವರ್ಷ ದೊಡ್ಡ ಕೆಲಸ ಏನೂ ಬೇಕಿಲ್ಲ. ಪಿಂಡಾರಾದ್ದು ಹಾಳಾಗಿದೆ. ಗ್ಯಾಂಗ್ ಅಲ್ಲಿರ್ಬೇಕು. ಮೇಸ್ತ್ರಿ ಮಾತ್ರ ನೀವೇ, ಅದರಲ್ಲಿ ಎರಡು ಮಾತಿಲ್ಲ."

"ಇಲ್ಲಿ ಒಂದು ಜಾಗ ಕೂರತ್ತೆ, ಸಾರ್" ಎಂದ ಬ್ರೋನಿಯಸ್. "ಪ್ರತಿ ವಾರ ಕೂರತ್ತೆ."

"ಎಲ್ಲಿ? ನನಗೆ ಗೊತ್ತಾಗ್ಲೇ ಇಲ್ವಲ್ಲ."

ಬ್ರೋನಿಯಸ್ ಪೂರ್ವದ ಕಡೆ ಕೈ ತೋರಿಸಿದ. ಪೆಥರಿಕ್ ಅತ್ತ ನೋಡಿ, ಆ ಒಂದು ಜಾಗವನ್ನು ವಾರಕ್ಕೊಮ್ಮೆ ಪಿಂಡಾರಾದಿಂದಲೇ ಬಂದು ನೋಡಿಕೊಳ್ಳಬಹುದಲ್ಲ ಎಂದು ಮೆಲ್ಲಗೆ ಹೇಳಿ ರೈಲು ಹತ್ತಿದ. ಬಿಯರಿನ ಪೀಪಾಯಿ ಅಲ್ಲೇ ಉಳಿಯಿತು. ಎರಡು ದಿನ ಯಾರೂ ಅದನ್ನು ಮುಟ್ಟಲಿಲ್ಲ. ಮೂರನೆಯ ದಿನ, ಬಿಸಿಲಿಗೆ ಕೆಡುತ್ತದೆ ಎಂದು ಕುಡಿದರು.

ತಪಾಸಣೆಯ ದಿನ ಸಂಜೆ ಅವನು ಎಲ್ಲವನ್ನೂ ಹೇಳಿ ಮುಗಿಸುವವರೆಗೆ ನೋರೀನ್ ಕೇಳಿಸಿಕೊಂಡಳು.

"ಹಲಗೆ ಹಾಗೇ ಬಿಟ್ಟಿದ್ರೆ ಸಾಕಿತ್ತಲ್ಲ. ಅಪಾಯಾನೂ ಇರ್ಲಿಲ್ಲ."

"ನನ್ನ ಪಾಲಲ್ಲಿ ಹಲಗೇನಾ?"

ಅವಳು ಎದ್ದು ಹೋಗಿ ಪಾತ್ರೆ ತೊಳೆದಳು. ಅಂದಿನಿಂದ ಅವನೊಂದಿಗೆ ಮಾತು ಬಿಟ್ಟಳು. ಅಡುಗೆ ಮಾಡುತ್ತಿದ್ದಳು, ಬಟ್ಟೆ ಒಗೆಯುತ್ತಿದ್ದಳು, ಹೇಳುವುದೇನಿದ್ದರೂ ಹ್ಯಾಗರ್ಟಿಯ ಮೂಲಕ ಹೇಳುತ್ತಿದ್ದಳು. "ನಿಮ್ಮ ಮೇಸ್ತ್ರಿಗೆ ಹೇಳು, ಅಂಗಿಯ ಗುಂಡಿ ಹಾಕಿದೀನಿ ಅಂತ." ಬ್ರೋನಿಯಸ್ ಅಲ್ಲೇ ನಿಂತಿದ್ದರೂ ಹ್ಯಾಗರ್ಟಿ ಗಂಭೀರವಾಗಿ ತಿರುಗಿ, "ಮೇಸ್ತ್ರಿ, ಗುಂಡಿ ಹಾಕಿದಾರಂತೆ" ಎನ್ನುತ್ತಿದ್ದ. "ಸಂತೋಷ ಅಂತ ಹೇಳು" ಎನ್ನುತ್ತಿದ್ದ ಅವನು. ಒಂದು ದಿನ ಹ್ಯಾಗರ್ಟಿಗೆ ಸಾಕಾಗಿ, "ನಂಗೆ ಇಬ್ರೂ ಸಂಬಳ ಕೊಡಿ, ಇಲ್ಲಾಂದ್ರೆ ನೀವೇ ಮಾತಾಡ್ಕೊಳ್ಳಿ" ಎಂದ. ನೋರೀನ್ ಅವನೊಂದಿಗೂ ಎರಡು ದಿನ ಮಾತು ಬಿಟ್ಟಳು.

ಊರನ್ನು ಕಳಚುವ ಕೆಲಸವೂ ಗ್ಯಾಂಗಿನದೇ. ಮನೆಗಳು ಮರದವು. ಕೆಲವನ್ನು ಬಿಚ್ಚಿ ಹಲಗೆ ಮಾಡಿದರು, ಗಟ್ಟಿಯಾಗಿದ್ದವನ್ನು ಇಡಿಯಾಗಿ ಜಾಕಿ ಕೊಟ್ಟು ಎತ್ತಿ, ಅಡಿಗೆ ಹಳಿ ಜಾರಿಸಿ, ಗೋಡೆಯಿಲ್ಲದ ರೈಲು ಬಂಡಿಗಳ ಮೇಲೆ ಏರಿಸಿ ಪಿಂಡಾರಾಕ್ಕೆ ಸಾಗಿಸಿದರು. ಟ್ಯಾಂಕನ್ನು ಗುಜರಿಯವನು ತುಂಡು ಮಾಡಿ ಒಯ್ದ. ಸಭಾಂಗಣವನ್ನು ಯಾರಿಗೂ ಬೇಡವೆಂದು ಬಿಟ್ಟರು. ನೋರೀನ್ ಅದಕ್ಕೆ ಬೀಗ ಹಾಕಿ ಬೀಗದ ಕೈಯನ್ನು ಬಾಗಿಲ ಮೊಳೆಗೇ ತೂಗುಹಾಕಿದಳು.

ಕೊನೆಗೆ ಉಳಿದದ್ದು ಮೇಸ್ತ್ರಿಯ ಮನೆ. ಅದನ್ನು ಎತ್ತುವ ದಿನ ಗಾಳಿ ಸ್ವಲ್ಪ ಜೋರಾಗಿತ್ತು. ನೋರೀನ್ ಕುರ್ಚಿ ಹಾಕಿಕೊಂಡು ದೂರದಲ್ಲಿ ಕೂತು, ಮುಖಕ್ಕೆ ಸ್ಕಾರ್ಫು ಸುತ್ತಿಕೊಂಡಿದ್ದಳು. ನಾಲ್ಕು ಮೂಲೆಗೆ ನಾಲ್ಕು ಜಾಕಿ. ಬ್ರೋನಿಯಸ್ ಮೊಣಕಾಲೂರಿ ನೋಡುತ್ತ, "ಎತ್ತಿ, ಸಾಕು, ಎತ್ತಿ" ಎನ್ನುತ್ತಿದ್ದ. ಮನೆ ನೆಲ ಬಿಟ್ಟು ಮೇಲೇರುತ್ತಿತ್ತು. ಇಷ್ಟು ವರ್ಷ ಬೆಳಕು ಕಾಣದ ಮನೆಯಡಿಯ ನೆಲ ಕಂಡಿತು. ಅಲ್ಲಿ ಯಾವುದೋ ಮಗುವಿನ ಬೂಟು, ಒಂದು ಚಮಚ, ಏನೇನೋ ಬಿದ್ದಿದ್ದವು. ಆಗ ಹಿಂದಿನಿಂದ ನೋರೀನಳ ದನಿ ಕೇಳಿತು.

"ಬ್ರೋನಿ, ಎಡಗಡೆ ತಗ್ಗಿದೆ."

ಅವನು ತಿರುಗಿ ನೋಡಿದ.

"ನನ್ನ ನೋಡಬೇಡ, ಮನೆ ನೋಡು. ಎಡಗಡೆ ಎರಡು ಬೆರಳು ಎತ್ತಿಸು. ಒಳಗೆ ನನ್ನ ಪಿಂಗಾಣಿ ಇದೆ."

ಅವನು ಬಗ್ಗಿ ನೋಡಿದ. ತಗ್ಗಿತ್ತು. ಎರಡು ಬೆರಳೇ. ಹ್ಯಾಗರ್ಟಿ ಆ ಮೂಲೆಯ ಜಾಕಿ ತಿರುಗಿಸುತ್ತ, "ಅಂತೂ ನನ್ನ ಕೆಲಸ ಹೋಯ್ತು" ಎಂದು ಗೊಣಗಿದ.

ಪಿಂಡಾರಾದಲ್ಲಿ ಅವರ ಮನೆಯನ್ನು ಹಳಿಯ ದಕ್ಷಿಣಕ್ಕೆ ಇಳಿಸಿದರು. ಕಾಲ್ಡರ್ ಟ್ಯಾಂಕಿನಲ್ಲಿ ಅದು ಉತ್ತರಕ್ಕಿತ್ತು. ನೋರೀನ್ ಮೊದಲ ತಿಂಗಳು ರೈಲಿನ ಸದ್ದಾದರೆ ತಪ್ಪು ಕಿಟಕಿಗೆ ಹೋಗಿ ನಿಲ್ಲುತ್ತಿದ್ದಳು. ಬ್ರೋನಿಯಸ್ ಬಂದ ಮರುದಿನವೇ ಪಿಂಡಾರಾದ ಹಳಿಗೆ ಇಳಿದ. ಹಲಗೆಗಳು ಒಂದೊಂದಾಗಿ ಗೋದಾಮು ಸೇರತೊಡಗಿದವು.

ಒಂದು ಮಧ್ಯಾಹ್ನ ಪಿಂಡಾರಾದ ಮೂವರು ಹೆಂಗಸರು ನೋರೀನಳ ಬಾಗಿಲು ತಟ್ಟಿದರು. ಕೂತು, ಹವೆಯ ವಿಷಯ ಮಾತಾಡಿ, ಪರದೆ ಚೆನ್ನಾಗಿದೆ ಎಂದು ಹೊಗಳಿ, ಕೊನೆಗೆ ಹಿರಿಯಳು ಗಂಟಲು ಸರಿಮಾಡಿಕೊಂಡಳು.

"ತಪ್ಪು ತಿಳೀಬೇಡಿ ನೋರೀನಮ್ಮ. ನಿಮ್ಮೂರಲ್ಲಿ ಏನಾಯ್ತು ಅಂತ ನಾವೂ ಕೇಳಿದೀವಿ. ನಿಮ್ಮ ಯಜಮಾನರು ಇಲ್ಲೂ ಹಾಗೇ ಮಾಡಿದ್ರೆ... ಸ್ವಲ್ಪ ಅವರ ಕೈ ತಡೀರಿ ಅಂತ ಕೇಳೋಕೆ ಬಂದ್ವಿ."

ನೋರೀನ್ ಕೆಟಲ್ ಇಟ್ಟು ಒಲೆ ಹೊತ್ತಿಸಿದಳು.

"ನಾನು ಹುಟ್ಟಿದೂರನ್ನ ಉಳಿಸೋಕೆ ಅವನ ಕೈ ತಡೆಯೋಕಾಗ್ಲಿಲ್ಲ. ನಿಮ್ಮೂರಿಗೋಸ್ಕರ ತಡೀಲಾ? ಸಕ್ಕರೆ ಎಷ್ಟು ಹಾಕ್ಲಿ?"

ಹಿರಿಯಳಿಗೆ ನಗಬೇಕೋ ಬೇಡವೋ ತಿಳಿಯಲಿಲ್ಲವಂತೆ. ಎರಡು ಚಮಚ ಎಂದಳು.

ಪಿಂಡಾರಾ ಆಮೇಲೆ ಏಳು ವರ್ಷ ಇತ್ತು. ಕಾಂಕ್ರೀಟು ಸ್ಲೀಪರುಗಳೂ ಬೆಸೆದ ಹಳಿಯೂ ಅಲ್ಲಿಗೆ ಬಂದ ಮೇಲೆ ಗ್ಯಾಂಗೇ ಬೇಡವಾಯಿತು. ಜಲ್ಲಿ ಬಡಿಯುವ ಯಂತ್ರ ರೈಲಿನ ಮೇಲೇ ಬಂದು, ಬಡಿದು, ರೈಲಿನ ಮೇಲೇ ಹೋಗುತ್ತಿತ್ತು. ಒಂದು ಹಾರೆ ಹಿಡಿದು ಎರಡು ಊರು ಮುಚ್ಚಿಸಿದ ಗಂಡು ಬ್ರೋನಿ ಎಂದು ಹ್ಯಾಗರ್ಟಿ ಈಗಲೂ ಹೇಳುತ್ತಾನೆ. ಬ್ರೋನಿಯಸ್ ಇದ್ದಾಗ ಅವನ ಎದುರಿಗೇ ಹೇಳುತ್ತಿದ್ದ. ಬ್ರೋನಿಯಸ್ ಬೇಸರಪಡುತ್ತಿರಲಿಲ್ಲ. ಎರಡನೆಯದು ಯಂತ್ರದ್ದು ಎಂದು ಮಾತ್ರ ತಿದ್ದುತ್ತಿದ್ದ. ಅವನು ಪೋರ್ಟ್ ಆಗಸ್ಟಾದಲ್ಲಿ, ನಿವೃತ್ತಿಯಾಗಿ ಬಹಳ ವರ್ಷಗಳ ಮೇಲೆ, ನಿದ್ದೆಯಲ್ಲಿ ತೀರಿಕೊಂಡ.

ನೋರೀನ್ ನಮ್ಮ ಬೀದಿಯಲ್ಲೇ ಇದ್ದಾಳೆ. ಶನಿವಾರ ಅವಳ ತೋಟಕ್ಕೆ ನೀರು ಹಾಕಲು ಹೋಗುತ್ತೇನೆ. ಹೇಗಿದ್ದರೂ ಯಂತ್ರ ಬರುತ್ತಿತ್ತಲ್ಲ, ಅಂದು ಹಲಗೆ ಹಾಕಿದ್ದರೂ ಊರು ಉಳಿಯುತ್ತಿರಲಿಲ್ಲವಲ್ಲ ಎಂದು ಒಮ್ಮೆ ಕೇಳಿದೆ. ಸಮಾಧಾನ ಹೇಳಬೇಕೆಂದೇ ಕೇಳಿದ್ದು. ಅವಳು ಪೈಪನ್ನು ನನ್ನ ಕೈಯಿಂದ ತೆಗೆದುಕೊಂಡು ಗುಲಾಬಿಯ ಬುಡಕ್ಕೆ ಹಿಡಿದಳು.

"ಇನ್ನೇಳು ವರ್ಷ ಉಳೀತಿತ್ತು" ಎಂದಳು. "ಏಳು ವರ್ಷ ಕಡಿಮೆ ಏನಲ್ಲ ಮಗು."

ಗುಲಾಬಿಯ ಬುಡ ತುಂಬಿದ ಮೇಲೆ, "ಆದ್ರೆ ಆ ಏಳು ವರ್ಷಾನೂ ಅವನು ಬೆಳಿಗ್ಗೆ ಎದ್ದು ಆ ಹಲಗೆ ದಾಟ್ಕೊಂಡು ಹೋಗ್ಬೇಕಾಗ್ತಿತ್ತು" ಎಂದು ಹೇಳಿ ಮುಂದಿನ ಗಿಡಕ್ಕೆ ಹೋದಳು.